ಕ್ಲಾಸೆಟ್ಟಿನಲ್ಲೊಬ್ಬಳು ರಾಕ್ಷಸಿ

ಫೆಬ್ರವರಿಯ ಒಂದು ಬೆಳಗ್ಗೆ ಪಕ್ಕದ ಮನೆಯಾಕೆ ಬಂದು ನಮ್ಮ ಬಾಗಿಲು ತಟ್ಟಿದರು. ನೈಟಿಯ ಮೇಲೆ ಕೋಟು, ಕಾಲಿಗೆ ಗಂಡನ ಬೂಟು, ಕೈಯಲ್ಲಿ ಫೋನು. ನಿಮ್ಮ ಮನೆಯಿಂದ ಯಾರೋ ಕಿರುಚಿದ ಹಾಗೆ ಕೇಳಿಸಿತು, ಎಲ್ಲ ಸರಿಯಿದೆ ತಾನೇ ಎಂದು ಕೇಳಿದರು.

ಏನೂ ತೊಂದರೆಯಿಲ್ಲ, ಮಗಳನ್ನು ಈಟಿಯಲ್ಲಿ ಇರಿಯುತ್ತಿದ್ದಾರೆ, ಊಟದ ಹೊತ್ತಿಗೆ ಸರಿಹೋಗುತ್ತಾಳೆ ಎಂದೆ.

(ಇಂಗ್ಲಿಷಿನಲ್ಲಿ ಇದು ಇನ್ನೂ ಕೆಟ್ಟದಾಗಿ ಕೇಳಿಸಿತು.)

ಆಕೆಯನ್ನು ಒಳಗೆ ಕೂರಿಸಿ, ಕಾಫಿ ಕೊಟ್ಟು, ವಿವರಿಸಿ ಕಳಿಸುವ ಹೊತ್ತಿಗೆ ಸಾಕಾಯಿತು. ಅಂದೇ ಮಧ್ಯಾಹ್ನ ಮನೆಯಲ್ಲಿದ್ದ ರಜಾಯಿಗಳೆಲ್ಲ ಮಹಡಿಯ ಕ್ಲಾಸೆಟ್, ಅಂದರೆ ಬಟ್ಟೆ ಇಡುವ ಪುಟ್ಟ ಕೋಣೆ, ಸೇರಿದವು. ನಮ್ಮತ್ತೆ ಮೈಸೂರಿನಿಂದ ಹೊತ್ತು ತಂದಿದ್ದ ದಪ್ಪ ಜಮಖಾನವನ್ನೂ ಬಾಗಿಲಿಗೆ ಒಳಗಿನಿಂದ ಮೊಳೆ ಹೊಡೆದು ತೂಗುಹಾಕಿದೆವು. ಆಮೇಲೆ ಒಳಗೆ ಎಷ್ಟು ಜನ ಸತ್ತರೋ ನಮಗೆ ಕೇಳಿಸಲಿಲ್ಲ.

ನಿಮಗೂ ವಿವರಿಸಬೇಕಲ್ಲ? ನನ್ನ ಮಗಳು ಅನಘಾಗೆ ಇಪ್ಪತ್ತಮೂರು. ಓದಿದ್ದು ಸಪ್ಲೈ ಚೈನ್. ಮಾಡುತ್ತಿರುವುದು ಸಾಯುವ ಕೆಲಸ. ಇಟ್ಟಿಗೆಯಷ್ಟು ದಪ್ಪದ ಫ್ಯಾಂಟಸಿ ಕಾದಂಬರಿಗಳು ಇರುತ್ತವಲ್ಲ, ಮೊದಲ ಪುಟದಲ್ಲೇ ಒಂದು ಮ್ಯಾಪು, ಕೊನೆಯಲ್ಲಿ ರಾಜರ ವಂಶಾವಳಿ, ನಡುವೆ ಒಂದು ಡ್ರ್ಯಾಗನ್ನು? ಅವನ್ನು ಆಡಿಯೋ ಪುಸ್ತಕ ಮಾಡುವಾಗ ಈಗ ಒಬ್ಬರೇ ಕೂತು ಓದಿ ರೆಕಾರ್ಡ್ ಮಾಡುವುದಿಲ್ಲ. ರಾಜನಿಗೊಬ್ಬ ನಟ, ರಾಣಿಗೊಬ್ಬಳು ನಟಿ, ಕುದುರೆಯ ಖುರಪುಟ, ಕತ್ತಿಯ ಸದ್ದು, ಮಳೆ, ಗುಡುಗು, ಹಿನ್ನೆಲೆ ಸಂಗೀತ. ಒಂದು ಕಾದಂಬರಿ ಮುಗಿಯಲು ದಿನಗಟ್ಟಲೆ ಬೇಕು. ನಾವು ಚಿಕ್ಕವರಿದ್ದಾಗ ರೇಡಿಯೋ ನಾಟಕಕ್ಕೆ ಮನೆಮಂದಿಯೆಲ್ಲ ಸುಮ್ಮನೆ ಕೂರುತ್ತಿದ್ದೆವು. ಅದನ್ನೇ ಹಿಡಿದು ಎಳೆದು, ಸೈನ್ಯವೊಂದನ್ನು ಸೇರಿಸಿದರೆ ಇದಾಗುತ್ತದೆ.

ಇದರಲ್ಲಿ ಒಂದು ವಿಚಿತ್ರವಿದೆ. ಈ ನಟರು ಒಬ್ಬರ ಮುಖ ಒಬ್ಬರು ನೋಡಿರುವುದಿಲ್ಲ. ರಾಜ ಅಮೆರಿಕದ ಒಂದು ರಾಜ್ಯದಲ್ಲಿ ತನ್ನ ಗ್ಯಾರೇಜಿನಲ್ಲಿ ಕೂತು ಅಪ್ಪಣೆ ಕೊಡುತ್ತಾನೆ, ಅದನ್ನು ಕೇಳಿ ನಡುಗುವವನು ಇನ್ನೊಂದು ರಾಜ್ಯದಲ್ಲಿ ಮುಂದಿನ ವಾರ ನಡುಗುತ್ತಾನೆ. ಆಮೇಲೆ ಯಾರೋ ಎಲ್ಲ ಸೇರಿಸಿ ಹೊಲಿಯುತ್ತಾರೆ. ನಮ್ಮ ಫ್ಯಾಮಿಲಿ ವಾಟ್ಸ್ಯಾಪ್ ಗ್ರೂಪ್ ನಡೆಯುವುದೂ ಹೆಚ್ಚುಕಡಿಮೆ ಹೀಗೆಯೇ.

ನಾವಿರುವುದು ಶಾಮ್‌ಬರ್ಗ್‌ನಲ್ಲಿ. ಕೇಳಿದವರಿಗೆ ಶಿಕಾಗೋ ಎನ್ನುತ್ತೇವೆ. ಶಿಕಾಗೋಗೆ ಹೋಗುವುದು ನೆಂಟರು ಬಂದಾಗ ಮಾತ್ರ. ವಿಮಾನ ನಿಲ್ದಾಣ ಹತ್ತಿರ, ಆದ್ದರಿಂದ ಅನಘಾಳ ಯುದ್ಧ ವಿಮಾನಗಳ ಬಿಡುವು ನೋಡಿಕೊಂಡು ನಡೆಯುತ್ತಿತ್ತು. ಅವಳು ರೆಕಾರ್ಡಿಂಗಿಗೆ ಕ್ಲಾಸೆಟ್ ಹೊಕ್ಕರೆ ಮನೆ ಬೆಚ್ಚಗಿಡುವ ಫರ್ನೇಸ್ ಬಂದ್, ಡಿಶ್‌ವಾಶರ್ ಬಂದ್, ಅವಳ ಅಪ್ಪನ ಸೀನು ಕೂಡ ಬಂದ್. ನಾನು ಕುಕ್ಕರ್ ಇಡುವ ಹಾಗಿರಲಿಲ್ಲ. ಒಮ್ಮೆ ಮರೆತು ಬೇಳೆ ಇಟ್ಟೆ. ಒಬ್ಬ ಮುದಿ ಮಂತ್ರವಾದಿನಿ ಕೊನೆಯ ಶಾಪ ಕೊಡುವ ಹೊತ್ತಿಗೆ ಸರಿಯಾಗಿ ವಿಷಲ್ ಹೊಡೆಯಿತು. ಮಗಳು ಕೆಳಗಿಳಿದು ಬಂದು ಏನೂ ಮಾತಾಡದೆ ನನ್ನನ್ನು ನೋಡಿದಳು. ಆ ನೋಟದಲ್ಲಿ ಇನ್ನೂ ಸ್ವಲ್ಪ ಶಾಪ ಉಳಿದಿತ್ತು.

ಮಾತಾಡಿದ್ದರೂ ಇಂಗ್ಲಿಷಿನಲ್ಲೇ ಮಾತಾಡುತ್ತಿದ್ದಳು. ಅದೂ ನಿಮಗೆ ಹೇಳಿಬಿಡುತ್ತೇನೆ. ಹುಟ್ಟಿದಾಗಿನಿಂದ ಇವಳ ಜೊತೆ ನಾನು ಕನ್ನಡವೇ ಮಾತಾಡಿದ್ದು. ಭಾನುವಾರದ ಕನ್ನಡ ಕ್ಲಾಸಿಗೆ ಹಿಮದಲ್ಲಿ ಡ್ರೈವ್ ಮಾಡಿಕೊಂಡು ಹೋಗಿ ಬಿಟ್ಟು ಬಂದದ್ದೂ ಉಂಟು. ಅರ್ಥವೆಲ್ಲ ಆಗುತ್ತದೆ, ಬಾಯಿಗೆ ಬರುವುದಿಲ್ಲ. ದಿನಾ ಬೆಳಗ್ಗೆ ನಾನು ಬಾಗಿಲಲ್ಲಿ ನಿಂತು "ಏಳೇ ಪುಟ್ಟಿ, ಹೊತ್ತಾಯ್ತು" ಅನ್ನುವುದು, ರಜಾಯಿಯ ಒಳಗಿನಿಂದ "ಫೈವ್ ಮೋರ್ ಮಿನಿಟ್ಸ್" ಎಂದು ಬರುವುದು. ಕಿಂಡರ್‌ಗಾರ್ಟನ್ನಿನಿಂದ ನಮ್ಮ ಮನೆಯ ಸುಪ್ರಭಾತ ಇದೇ. ಕೊನೆಗೆ ನಾನು ಆಸೆ ಬಿಟ್ಟೆ. ಬಿಟ್ಟೆ ಎಂದು ಹೇಳಿಕೊಂಡು ಓಡಾಡುತ್ತಿದ್ದೆ, ಎರಡೂ ಒಂದೇ ಅಲ್ಲ.

ಕ್ಲಾಸೆಟ್ಟಿನ ಕೆಲಸವನ್ನು ಕೆಲಸ ಎನ್ನುವುದೋ ಬೇಡವೋ ಎನ್ನುವುದೇ ಮನೆಯಲ್ಲಿ ಜಗಳವಾಗಿತ್ತು. ಹೀಗಿರುವಾಗ ನನ್ನ ಭಾವ, ಅಂದರೆ ನನ್ನವರ ಅಣ್ಣ, ಫೋನ್ ಮಾಡಿದರು. ಅವರಿರುವುದು ಮಿಷಿಗನ್ನಿನ ಡೆಟ್ರಾಯಿಟ್ ಹತ್ತಿರದ ರಾಚೆಸ್ಟರ್ ಹಿಲ್ಸ್‌ನಲ್ಲಿ. ಕಾರಿನ ಸೀಟು ಹಿಂದಕ್ಕೆ ಒರಗಿಸುವ ಹಿಡಿಕೆ ಇದೆಯಲ್ಲ, ಅದನ್ನು ಮಾಡುವ ಕಂಪನಿಯಲ್ಲಿ ದೊಡ್ಡ ಹುದ್ದೆ. (ಸ್ವತಃ ಅವರು ಯಾವತ್ತೂ ಒರಗಿ ಕೂತಿದ್ದನ್ನು ನಾನು ನೋಡಿಲ್ಲ.) ಅವರ ಆಫೀಸಿನಲ್ಲೊಂದು ಜಾಗ ಖಾಲಿಯಾಗಿದೆ, ಸಪ್ಲೈ ಚೈನ್, ಅನಘಾಗೆ ಹೇಳಿ ಮಾಡಿಸಿದ ಹಾಗಿದೆ, ತಮ್ಮ ಮನೆಯಲ್ಲೇ ಇರಬಹುದು ಎಂದರು.

ಮಗಳು ನನ್ನನ್ನು ಒಂದೇ ಒಂದು ಕೇಳಿದಳು. ಈಗ ಮಾಡುತ್ತಿರುವ ಕಾದಂಬರಿಯಲ್ಲಿ ಅವಳಿಗೆ ಮೊದಲ ಸಲ ಹೆಸರಿರುವ ಪಾತ್ರ ಸಿಕ್ಕಿದೆ. ಅದು ಬಿಡುಗಡೆಯಾಗಲಿ. ನಾನು ಕೇಳಬೇಕು. ಕೇಳಿದ ಮೇಲೂ ಇದು ಕೆಲಸವಲ್ಲ ಎನ್ನಿಸಿದರೆ ಅವಳು ಮರುಮಾತಾಡದೆ ದೊಡ್ಡಪ್ಪನ ಆಫೀಸಿಗೆ ಹೋಗುತ್ತಾಳೆ. ತೀರ್ಪು ನನ್ನದು. ನಾನು ಒಪ್ಪಿದೆ. ಕೇಳುವ ಮೊದಲೇ ತೀರ್ಪು ನನ್ನ ಹತ್ತಿರ ರೆಡಿ ಇತ್ತು ಎನ್ನುವುದು ಬೇರೆ ಮಾತು.

ಈಗ ನಾವು ಮಾಡಿದ ಕೆಲಸ ಕೇಳಿ. ಬೇರೆ ಯಾರಾದರೂ ಆಗಿದ್ದರೆ ಹೆಡ್‌ಫೋನ್ ಹಾಕಿಕೊಂಡು ಕೇಳುತ್ತಿದ್ದರು. ನಾವು ಕನ್ನಡಿಗರು. ನಮಗೆ ಏನೇ ಆದರೂ ಫಂಕ್ಷನ್ ಆಗಬೇಕು. ಭಾವನ ಬೇಸ್‌ಮೆಂಟಿನಲ್ಲಿ ಹೋಮ್ ಥಿಯೇಟರ್ ಇದೆ, ಗೋಡೆಗೋಡೆಗೂ ಸ್ಪೀಕರ್ ಇದೆ. ಬಿಡುಗಡೆಯಾದ ಶನಿವಾರವೇ ಎಲ್ಲರೂ ಸೇರಿ ಕೇಳೋಣ ಎಂದು ಅವರು ಅಂದದ್ದೇ ತಡ, ನಾನು ಮೆನು ಮಾಡಿದೆ. ಭರತನಾಟ್ಯದ ಮಕ್ಕಳಿಗೆ ರಂಗಪ್ರವೇಶ ಮಾಡುವುದಿಲ್ಲವೆ? ಅದೇ ಥರ. ಕನ್ನಡ ಕೂಟದ ಗ್ರೂಪಿನಲ್ಲಿ ಇನ್ವಿಟೇಶನ್ ಹೋಯಿತು. ಒಬ್ಬೊಬ್ಬರು ಒಂದೊಂದು ಅಡಿಗೆ ತರುವ ಪಾಟ್‌ಲಕ್, ರಿಟರ್ನ್ ಗಿಫ್ಟ್, ದೀಪ ಬೆಳಗುವುದು, ಭಾವನವರಿಂದ ಎರಡು ಮಾತು. ಭಾವನ ಎರಡು ಮಾತು ಎಂದರೆ ಪಲ್ಯ ಮತ್ತೆ ಬಿಸಿ ಮಾಡಬೇಕಾಗುತ್ತದೆ ಎಂದು ಮಿಷಿಗನ್ನಿನ ಕನ್ನಡಿಗರಿಗೆಲ್ಲ ಗೊತ್ತು.

ಮಗಳಿಗೆ ತಿಳಿದಾಗ ಮುಖ ಬಿಳುಚಿತು. ಎಲ್ಲರನ್ನೂ ಕರೆಯಬೇಡ ಎಂದಳು. ಸ್ಟೇಜ್ ಫಿಯರ್ ಎಂದುಕೊಂಡೆ. (ರೆಕಾರ್ಡ್ ಆಗಿ ಮುಗಿದಿರುವುದಕ್ಕೆ ಎಂಥ ಸ್ಟೇಜ್ ಫಿಯರ್ ಎಂದು ಆಗ ಹೊಳೆಯಲಿಲ್ಲ.)

ಶನಿವಾರ ಬೆಳಗ್ಗೆ ಹೊರಟೆವು. ಡಿಕ್ಕಿಯಲ್ಲಿ ಪುಳಿಯೋಗರೆಯ ಅಲ್ಯುಮಿನಿಯಂ ಟ್ರೇ, ಅದರ ಪಕ್ಕ ಅನಘಾಳ ಸೂಟ್‌ಕೇಸ್. ಸೋಮವಾರವೇ ಆಫೀಸು ಸೇರಬೇಕಾಗಿ ಬಂದರೆ ಮತ್ತೆ ಮುನ್ನೂರು ಮೈಲಿ ಯಾರು ಬರುತ್ತಾರೆ ಎಂದು ನಾನೇ ಬಟ್ಟೆ ಜೋಡಿಸಿದ್ದೆ. ಅವಳು ಸೂಟ್‌ಕೇಸನ್ನು ನೋಡಿದಳು, ಪುಳಿಯೋಗರೆಯನ್ನು ನೋಡಿದಳು, ಹಿಂದಿನ ಸೀಟಿನಲ್ಲಿ ಕೂತಳು. ಇಂಡಿಯಾನಾ ದಾಟಿದೆವು. ಮಿಷಿಗನ್ ಬಂತು, ಗಡಿಯಾರ ಒಂದು ಗಂಟೆ ಮುಂದಕ್ಕೆ ಹಾರಿತು. ಕಾಲಮಜೂವಿನ ಎಕ್ಸಿಟ್ ಹತ್ತಿರ ಕಾಫಿಗೆ ನಿಲ್ಲಿಸಿದಾಗ ನನ್ನ ತೋಳು ಹಿಡಿದುಕೊಂಡು ಕೇಳಿದಳು.

"ಅಮ್ಮ, ಕ್ಯಾನ್ ವಿ ಲಿಸನ್ ಇನ್ ದ ಕಾರ್? ಜಸ್ಟ್ ಅಸ್?"

ಅಷ್ಟು ಜನರ ಜೊತೆ ಕೇಳಿದರೇ ಮಜಾ, ಸಸ್ಪೆನ್ಸ್ ಯಾಕೆ ಹಾಳು ಮಾಡುತ್ತೀಯ ಎಂದೆ. ತೋಳು ಬಿಟ್ಟಳು.

ಭಾವನ ಬೇಸ್‌ಮೆಂಟ್ ತುಂಬಿತ್ತು. ಸ್ಪೀಕರಿಗೆ ಹೂವಿನ ಹಾರ ಹಾಕಿದ್ದರು. ಸ್ಮೋಕ್ ಅಲಾರಂ ಹೊಡೆಯಬಾರದೆಂದು ಬ್ಯಾಟರಿ ದೀಪ ಬೆಳಗಿದೆವು. ನನ್ನ ಓರಗಿತ್ತಿ ಕೋಡುಬಳೆಯ ಡಬ್ಬಿಯನ್ನು ಮೇಲೆ ಇಟ್ಟು ಬಂದರು, ಕರುಂ ಕುರುಂ ಸದ್ದಿನಲ್ಲಿ ಡೈಲಾಗ್ ಕೇಳಿಸುವುದಿಲ್ಲವೆಂದು. ಅನಘಾ ಎಲ್ಲರ ಹಿಂದೆ, ಮೆಟ್ಟಿಲ ಹತ್ತಿರ ಕೂತಳು. ಓಡಿಹೋಗಲು ಅದೇ ಅನುಕೂಲದ ಜಾಗ.

ಶುರುವಾಯಿತು. ಗಾಳಿ ಬೀಸಿತು, ಯಾವುದೋ ಹಕ್ಕಿ ಕೂಗಿತು, ಗಂಭೀರ ದನಿಯ ನಿರೂಪಕ ಯಾವುದೋ ಬೆಟ್ಟದ ಹೆಸರು ಹೇಳಿದ. ಎಲ್ಲರೂ ಖಾಲಿ ಪರದೆ ನೋಡುತ್ತ ಕೂತೆವು. ಕಿವಿಗೆ ಕೆಲಸ ಕೊಟ್ಟರೆ ಕಣ್ಣನ್ನು ಎಲ್ಲಿಡಬೇಕು ಎನ್ನುವುದು ನಮಗೆ ಮರೆತೇ ಹೋಗಿದೆ. ಸ್ವಲ್ಪ ಹೊತ್ತಿಗೆ ಧಾರವಾಡದ ಪಾಟೀಲ ಅಂಕಲ್ ಮೆಲ್ಲನೆ ಎದ್ದು ಟಿವಿಯ ಹಿಂದೆ ಹೋಗಿ ಎಚ್‌ಡಿಎಂಐ ಕೇಬಲ್ ಕಿತ್ತು ಮತ್ತೆ ಸಿಕ್ಕಿಸಿದರು. ಪಿಕ್ಚರ್ ಬರುವುದಿಲ್ಲ, ಇದು ಹೀಗೇ ಎಂದು ಭಾವ ಹೇಳಿದರು. ಅಂಕಲ್ ನಂಬದೆ ಕೂತರು.

ಅನಘಾಳ ದೃಶ್ಯಗಳನ್ನು ಮಾತ್ರ ಭಾವ ಅಧ್ಯಾಯದ ಪಟ್ಟಿ ನೋಡಿ ಗುರುತು ಹಾಕಿಟ್ಟುಕೊಂಡಿದ್ದರು. ಅವಳ ಪಾತ್ರ ಒಬ್ಬಳು ರಾಕ್ಷಸಿಯದು. ರಾಕ್ಷಸರ ಪಡೆಗೆ ಅವಳೇ ನಾಯಕಿ. ನಾಳೆ ಯುದ್ಧ. ನಗಾರಿಗಳು ಮೊಳಗಿದವು. ರಾಕ್ಷಸಿ ತನ್ನ ಸೈನಿಕರ ಮುಂದೆ ನಿಂತು ಪ್ರಾಚೀನ ಭಾಷೆಯಲ್ಲಿ ಯುದ್ಧದ ಪ್ರತಿಜ್ಞೆ ಬೋಧಿಸಿದಳು ಎಂದು ನಿರೂಪಕ ಹೇಳಿದ. ಮೈ ಝುಮ್ಮೆಂದಿತು. ಆಮೇಲೆ ಎಲ್ಲ ಸ್ಪೀಕರುಗಳಿಂದಲೂ ಬೇಸ್‌ಮೆಂಟ್ ಅದುರುವಂತೆ ಆ ದನಿ ಬಂತು.

"ಚಪ್ಪಲಿ ಹೊರಗೆ ಬಿಡಿ."

ನಗಾರಿ ಇನ್ನೊಂದು ಸುತ್ತು ಬಡಿಯಿತು.

"ಕೈಕಾಲು ತೊಳ್ಕೊಂಡು ಬನ್ನಿ. ದೀಪ ಯಾಕೆ ಸುಮ್ನೆ ಉರೀತಿದೆ? ತಲೆ ಬಾಚ್ಕೊಂಡಿಲ್ಲ, ನೋಡಿದವ್ರು ಏನಂದ್ಕೋತಾರೆ?"

ಪಾಟೀಲ ಅಂಕಲ್ ಕೇಬಲ್ ಮರೆತು ತಿರುಗಿದರು. "ಅರೆ, ಇಕಿ ಕನ್ನಡ ಮಾತಾಡಾಕತ್ತಾಳಲ್ರಿ."

ಅಷ್ಟೇ ಆಗಿದ್ದರೆ ತಡೆದುಕೊಳ್ಳಬಹುದಿತ್ತು. ಪ್ರತಿಜ್ಞೆ ಎಂದ ಮೇಲೆ ಸೈನಿಕರು ಅದನ್ನು ಮತ್ತೆ ಹೇಳಬೇಡವೆ? ಬೇರೆ ಬೇರೆ ರಾಜ್ಯಗಳ ಗ್ಯಾರೇಜುಗಳಲ್ಲಿ ಕೂತ, ನಮ್ಮ ಮೈಸೂರು ಯಾವ ದಿಕ್ಕಿಗಿದೆ ಎಂದೂ ಗೊತ್ತಿಲ್ಲದ ಅಮೆರಿಕದ ಗಂಡಸರು, ಎದೆಯೊಳಗಿನ ದಪ್ಪ ದನಿ ತೆಗೆದು, ಕತ್ತಿಯಿಂದ ಗುರಾಣಿ ಬಡಿಯುತ್ತ, ಒಟ್ಟಾಗಿ ಗರ್ಜಿಸಿದರು. "ಚಪ್ಪಲಿ! ಹೊರಗೆ! ಬಿಡಿ!"

ಬೇಸ್‌ಮೆಂಟ್ ಬಿದ್ದುಹೋಯಿತು. ನಕ್ಕು ನಕ್ಕು ಒಬ್ಬರ ಮೇಲೆ ಒಬ್ಬರು ಒರಗಿದರು. ನನ್ನ ಓರಗಿತ್ತಿ ಕಣ್ಣೊರೆಸಿಕೊಂಡರು. ಆಮೇಲೆ, ಒಬ್ಬೊಬ್ಬರಾಗಿ, ಎಲ್ಲರೂ ನನ್ನ ಕಡೆ ತಿರುಗಿದರು. ನನ್ನ ಮನೆಗೆ ಬಂದವರೆಲ್ಲ ಆ ಮಾತನ್ನು ಬಾಗಿಲಲ್ಲಿ ಕೇಳಿದವರೇ. ದನಿಯೂ ನನ್ನದೇ. ಕೊನೆಯಲ್ಲಿ ಸ್ವಲ್ಪ ಮೇಲೇರಿ, ಉತ್ತರ ಬರುವುದಿಲ್ಲವೆಂದು ಗೊತ್ತಿದ್ದೂ ಒಂದು ಗಳಿಗೆ ಕಾಯುವ ಆ ರಾಗ ಕೂಡ.

ನನಗೆ ಏನಾಯಿತು ಎಂದು ಕೇಳಿ. ಅವಮಾನ ಆಯಿತು. ನನ್ನ ಸಂಸಾರವನ್ನು ಡೋಲು ಬಡಿದು ಮಾರಿದ ಹಾಗನ್ನಿಸಿತು. ತೀರ್ಪು ರೆಡಿ ಇತ್ತು ಎಂದೆನಲ್ಲ, ಆಗ ಸಹಿಯೂ ಹಾಕಿದೆ. ಸೂಟ್‌ಕೇಸ್ ಇಲ್ಲೇ ಇಳಿಯಲಿ.

ಹಿಂದಿರುಗಿ ಮಗಳನ್ನು ನೋಡಿದೆ. ಮೆಟ್ಟಿಲ ಮೇಲೆ ಮೊಣಕಾಲು ತಬ್ಬಿಕೊಂಡು ಕೂತಿದ್ದಳು. ಅವಳ ಪ್ರಪಂಚದ ಅಷ್ಟೂ ಕೇಳುಗರಲ್ಲಿ ಈ ಮಾತಿನ ಅರ್ಥ ಗೊತ್ತಿರುವವರನ್ನೇ ಆರಿಸಿ ಆರಿಸಿ ನಾನು ಊಟಕ್ಕೆ ಕರೆದಿದ್ದೆ. ಕಾಲಮಜೂವಿನಲ್ಲಿ ಅವಳು ನನ್ನ ತೋಳು ಹಿಡಿದದ್ದು ಯಾಕೆಂದು ಆಗ ತಿಳಿಯಿತು.

ಭಾವ ಮುಂದಿನ ದೃಶ್ಯ ಹಾಕಿದರು. ಯುದ್ಧ ಮುಗಿದಿದೆ. ರಾಕ್ಷಸರು ಸೋತಿದ್ದಾರೆ. ಮಳೆ. ಒಂದು ಕಡೆ ಕುದುರೆ ನರಳುತ್ತಿದೆ. ನಾಯಕಿ ಹೆಣಗಳ ನಡುವೆ ತನ್ನ ಮಗಳನ್ನು ಹುಡುಕುತ್ತಿದ್ದಾಳೆ. ಜನ ಇನ್ನೂ ಕಿಸಕ್ಕೆನ್ನುತ್ತಿದ್ದರು. ಮುಂದೇನು ಬರುತ್ತದೋ, ಪುಳಿಯೋಗರೆಯೋ ಹೋಮ್‌ವರ್ಕೋ ಎಂದು ಕಾಯುತ್ತಿದ್ದರು. ಹೆಜ್ಜೆಯ ಸದ್ದು ನಿಂತಿತು. ಲೋಹ ಕೆಸರಿಗೆ ಬಿದ್ದ ಸದ್ದಾಯಿತು. ರಾಕ್ಷಸಿ ಕೂತಳು.

"ಏಳೇ ಪುಟ್ಟಿ."

ಇಬ್ಬರು ಮೂವರು ನಕ್ಕರು.

"ಏಳೇ ಪುಟ್ಟಿ, ಹೊತ್ತಾಯ್ತು."

ಈ ಸಲ ಯಾರೂ ನಗಲಿಲ್ಲ. ಅವಳು ಅಳಲಿಲ್ಲ, ಕಿರುಚಲಿಲ್ಲ. ಬೆಳಗ್ಗೆ ಬಾಗಿಲಲ್ಲಿ ನಿಂತು, ಒಂದು ಕೈಯಲ್ಲಿ ಸೌಟು ಹಿಡಿದುಕೊಂಡು ಹೇಳುವ ಹಾಗೆಯೇ ಹೇಳಿದಳು. ಎದ್ದೇಳುತ್ತಾಳೆ, ಸ್ವಲ್ಪ ಸೋಮಾರಿ ಅಷ್ಟೇ, ಎನ್ನುವ ಹಾಗೆ. ಮಳೆ ಜೋರಾಯಿತು. "ಆಮೇಲೆ ನನ್ನ ಬೈಬೇಡ. ಏಳಮ್ಮ. ಬಿಸಿ ಆರೋಗುತ್ತೆ." ಉತ್ತರಕ್ಕೆ ಕಾದಳು. ಕಾದದ್ದು ನಮಗೆಲ್ಲ ಕೇಳಿಸಿತು. ಅಲ್ಲಿ ಯಾರಾದರೂ "ಫೈವ್ ಮೋರ್ ಮಿನಿಟ್ಸ್" ಎಂದಿದ್ದರೆ ನಾನು ಬದುಕಿಕೊಳ್ಳುತ್ತಿದ್ದೆ. ಯಾರೂ ಅನ್ನಲಿಲ್ಲ.

ಮುಗಿಯಿತು. ನನ್ನ ಪಕ್ಕದಲ್ಲಿ ನನ್ನವರು ಕನ್ನಡಕ ತೆಗೆದು ಅಂಗಿಯ ತುದಿಯಲ್ಲಿ ಒರೆಸಿದರು, ಹಾಕಿಕೊಂಡರು, ಮತ್ತೆ ತೆಗೆದರು. ಕಾಲೇಜಿಗೆ ಮಕ್ಕಳನ್ನು ಕಳಿಸಿ ಮನೆಯಲ್ಲಿ ಬೆಳಗ್ಗೆ ಎಬ್ಬಿಸಲು ಯಾರೂ ಇಲ್ಲದ ಆಂಟಿಯರು ಸೀರೆಯ ಸೆರಗು ಹುಡುಕಿದರು. (ಜೀನ್ಸ್ ಹಾಕಿದ್ದವರು ಪೇಪರ್ ನ್ಯಾಪ್ಕಿನ್ ಹುಡುಕಿದರು.) ನಾನು ಅತ್ತೆ. ಇದನ್ನು ಬೇರೆ ಯಾವ ರೀತಿ ಹೇಳಲೂ ನನಗೆ ಬರುವುದಿಲ್ಲ.

ಭಾವನವರಿಂದ ಎರಡು ಮಾತು ಎಂದು ಕಾರ್ಯಕ್ರಮದಲ್ಲಿತ್ತು. ಭಾವ ಮೈಕ್ ಹಿಡಿದು ನಿಂತರು, ಗಂಟಲು ಸರಿಮಾಡಿಕೊಂಡರು. "ಎಲ್ಲರೂ ಊಟ ಮಾಡ್ಕೊಂಡೇ ಹೋಗ್ಬೇಕು" ಎಂದು ಕೂತುಬಿಟ್ಟರು. ಮಿಷಿಗನ್ನಿನ ಇತಿಹಾಸದಲ್ಲಿ ಮೊದಲ ಬಾರಿಗೆ ಪಲ್ಯ ಬಿಸಿಯಾಗಿತ್ತು.

ಊಟವಾದ ಮೇಲೆ ನಾನೂ ಅನಘಾಳೂ ಟ್ರೇ ತೊಳೆಯುತ್ತ ನಿಂತಾಗ ಕೇಳಿದೆ, ಯಾಕೆ ಹೀಗೆ ಮಾಡಿದೆ ಎಂದು. ಕಾದಂಬರಿಯಲ್ಲಿ ಆ ಜಾಗಕ್ಕೆ ಮಾತೇ ಇಲ್ಲವಂತೆ. ರಾಕ್ಷಸಿ ತನ್ನ ಭಾಷೆಯಲ್ಲಿ ಮಗಳನ್ನು ಕರೆದಳು ಎಂದಷ್ಟೇ ಇದೆಯಂತೆ. ಏನಾದರೂ ಹೊಸ ಭಾಷೆ ಹುಟ್ಟಿಸಿಕೋ ಎಂದು ಡೈರೆಕ್ಟರ್ ಹೇಳಿದನಂತೆ. ಇವಳು ಏನೇನೋ ಸದ್ದು ಮಾಡಿ ಕಳಿಸಿದಳಂತೆ, ಬಾಯಿ ಮುಕ್ಕಳಿಸಿದ ಹಾಗಿದೆ ಎಂದು ಅವನು ವಾಪಸ್ ಕಳಿಸಿದನಂತೆ. ಅರ್ಥ ಯಾರಿಗೂ ಬೇಡ, ಆದರೆ ದಿನಾ ಹೇಳಿ ಹೇಳಿ ಸವೆದ ಮಾತಿನ ಹಾಗೆ ಕೇಳಿಸಬೇಕು ಎಂದನಂತೆ. ಆಗ ಇದು ತಾನಾಗಿ ಬಂತಂತೆ. ಕೇಳುವವರಿಗೆ ಗುರುತು ಸಿಗಬಾರದೆಂದು ಲೈಟ್, ಪ್ಲೇಟ್ ಎಲ್ಲ ತೆಗೆದು ದೀಪ, ತಟ್ಟೆ ಮಾಡಿಕೊಂಡಳಂತೆ. ಉಳಿದ ರಾಕ್ಷಸರಿಗೆ ಇವಳೇ ಹೇಳಿಕೊಟ್ಟಳಂತೆ.

ಇಷ್ಟನ್ನೂ ಅವಳು ಹೇಳಿದ್ದು ಇಂಗ್ಲಿಷಿನಲ್ಲಿ. ಕನ್ನಡ ಮಾಡಿದ್ದು ನಾನು. ಮಕ್ಕಳಿಗೆ ಹೇಳಿದ ಮಾತೆಲ್ಲ ಗೋಡೆಗೆ ಹೇಳಿದ ಹಾಗೆ ಎಂದು ನಾವು ಗೊಣಗುತ್ತೇವೆ. ಅವರು ಎಲ್ಲವನ್ನೂ ಎಲ್ಲಿಟ್ಟುಕೊಂಡಿರುತ್ತಾರೋ, ಯಾವ ಯುದ್ಧಕ್ಕೆ ಹೊರಗೆ ತೆಗೆಯುತ್ತಾರೋ, ನಮಗೇನು ಗೊತ್ತು?

ಹಾಲಿಗೆ ಹೋಗಿ ಭಾವನಿಗೆ ಹೇಳಿದೆ. "ಭಾವ, ಬೇಜಾರ್ ಮಾಡ್ಕೋಬೇಡಿ. ಸೋಮವಾರ ಅನಘಾ ಬರಲ್ಲ. ಅವಳಿಗೆ ಕೆಲಸ ಇದೆ."

"ಗೊತ್ತಾಯ್ತು ಬಿಡಮ್ಮ" ಎಂದರು ಭಾವ. ಸೋಫಾದ ಮೇಲೆ ಹಿಂದಕ್ಕೆ ಒರಗಿ ಕೂತಿದ್ದರು.

ಮಾರನೇ ಬೆಳಗ್ಗೆ ತಿಂಡಿ ತಿಂದು ಹೊರಡುವುದೆಂದಾಯಿತು. ಸೂಟ್‌ಕೇಸ್ ಡಿಕ್ಕಿಯಿಂದ ಇಳಿದೇ ಇರಲಿಲ್ಲ. ಆದರೆ ಸೂಟ್‌ಕೇಸಿನ ಒಡತಿಗೆ ನನ್ನ ತೀರ್ಪು ಇನ್ನೂ ಗೊತ್ತಿರಲಿಲ್ಲ. ಹಿಂದಿನ ದಿನವೇ ಹೇಳಬಹುದಿತ್ತು. ಪಾತ್ರೆ ಜೋಡಿಸುತ್ತ ಉಳಿದುಬಿಟ್ಟೆ. ಎಬ್ಬಿಸಿ ಹೇಳೋಣವೆಂದು ಗೆಸ್ಟ್ ರೂಮಿನ ಬಾಗಿಲಲ್ಲಿ ನಿಂತೆ. ರಜಾಯಿಯ ಒಳಗೆ ಪೂರ್ತಿ ಮುಚ್ಚಿಕೊಂಡು ಅಲುಗಾಡದೆ ಮಲಗಿದ್ದಳು. ಬಾಯಿ ತೆರೆದೆ. ಏಳೇ ಎನ್ನುವುದರ ಮುಂದೆ ಮಾತು ಹೊರಡಲಿಲ್ಲ. ಆ ಮಾತಿಗೆ ಈಗ ಮಳೆ ಸುರಿಯುತ್ತಿತ್ತು, ಕೆಸರು ಮೆತ್ತಿತ್ತು. ಹೇಳಿದರೆ ಅವಳು ಏಳದೇ ಹೋದರೆ?

ಜೀವನದಲ್ಲಿ ಮೊದಲ ಸಲ ಮಗಳನ್ನು ಇಂಗ್ಲಿಷಿನಲ್ಲಿ ಎಬ್ಬಿಸಿದೆ. "ವೇಕ್ ಅಪ್, ಅನಘಾ. ವಿ ಆರ್ ಗೋಯಿಂಗ್ ಹೋಮ್. ಆಲ್ ಆಫ್ ಅಸ್."

ರಜಾಯಿ ಅಲುಗಿತು. ಆಮೇಲೆ ಒಳಗಿನಿಂದ, ನಿದ್ದೆಗಣ್ಣಿನ, ಸೋಮಾರಿಯ, ಅಚ್ಚ ಮೈಸೂರಿನ ದನಿ.

"ಇನ್ನೈದು ನಿಮಿಷ, ಅಮ್ಮ."

ಬಾಗಿಲಲ್ಲೇ ನಿಂತೆ. ಇಷ್ಟು ವರ್ಷ ಕಾದವಳಿಗೆ ಐದು ನಿಮಿಷ ಯಾವ ಲೆಕ್ಕ?